ಗೋಡೆ ಬೆವರುವ ಕೋಣೆ

ಬುಧವಾರ, ಮಧ್ಯಾಹ್ನ

ಪ್ರೀತಿಯ ಪುಟ್ಟಿಗೆ,

ಚೆನ್ನಾಗಿದ್ದೀಯಾ? ಕಾಲಿನ ಬಾವು ಇಳಿಯಿತೇ? ಉತ್ತರ ಬರೆಯುವುದು ತಡವಾಯಿತು, ಬೇಜಾರು ಮಾಡಿಕೊಳ್ಳಬೇಡ. ಶಾಲೆ ಶುರುವಾಗುವ ಹೊತ್ತು, ಮನೆ ತುಂಬ ಯೂನಿಫಾರಂ ಬಟ್ಟೆ. ಹೊಲಿಗೆ ಯಂತ್ರ ಬಿಡುವು ಕೊಟ್ಟರೆ ತಾನೇ? ಆದರೆ ನಿಜವಾಗಿ ತಡವಾದದ್ದು ಅದರಿಂದಲ್ಲ. ಹೆರಿಗೆಗೆ ಇಲ್ಲಿಗೇ ಬರುತ್ತೇನೆ, ಮಗುವನ್ನು ಅಪ್ಪನ ಕೋಣೆಯಲ್ಲೇ ಮಲಗಿಸುತ್ತೇನೆ ಎಂದು ಬರೆದಿದ್ದೆಯಲ್ಲ, ಅದಕ್ಕೆ ಏನು ಹೇಳಬೇಕೋ ತಿಳಿಯದೆ ಕೂತಿದ್ದೆ.

ನಿಮ್ಮಪ್ಪ ತೀರಿಕೊಂಡ ಮೇಲೆ ಆ ಕೋಣೆಗೆ ಬೀಗ ಹಾಕಿದ್ದೆ. ನಿನ್ನ ಪತ್ರ ಬಂದ ಖುಷಿಗೆ ತೆಗೆಸಿ, ಸಾಮಾನೆಲ್ಲ ಹೊರಗೆ ಹಾಕಿಸಿ, ಬಣ್ಣದವನನ್ನು ಕರೆಸಿದೆ. ಆಳು ಹಂಚಿಕಡ್ಡಿ, ಬಾಯಿ ಊರಗಲ. "ಅಜ್ಜಿಯಾಗೋರು ನೀವು, ಗೋಡೆ ಹಾಲಿನ ಹಾಗೆ ಮಾಡಿಕೊಡ್ತೀನಿ ಬಿಡಿ" ಎಂದ. ಮಾಡಿಯೂ ಕೊಟ್ಟ. ಬೇಗ ಒಣಗಲಿ ಎಂದು ನಾನು ಅತಿ ಬುದ್ಧಿವಂತಿಕೆ ಮಾಡಿ, ಕಿಟಕಿ ಮುಚ್ಚಿ, ಇಸ್ತ್ರಿ ಮೇಜನ್ನು ಅಲ್ಲಿಗೇ ಸಾಗಿಸಿದೆ. ಇಸ್ತ್ರಿಯ ಬಿಸಿಗೆ ಗೋಡೆಯೂ ಒಣಗುತ್ತದೆ, ಯೂನಿಫಾರಂ ಕೆಲಸವೂ ಮುಗಿಯುತ್ತದೆ ಎಂದುಕೊಂಡೆ. ಒದ್ದೆ ಬಟ್ಟೆ ಹಾಸಿ ಇಸ್ತ್ರಿ ಹಾಕಿದರೆ ಏಳುವ ಹಬೆ ಎಲ್ಲಿಗೆ ಹೋಗುತ್ತದೆ ಎಂಬುದು ಈ ದಡ್ಡ ತಲೆಗೆ ಹೊಳೆಯಲಿಲ್ಲ.

ಮಾರನೆಯ ದಿನ ಗೋಡೆ ಬೆವರಿತು. ಕಂದು ಹನಿಗಳು ಜೇನಿನಷ್ಟು ಮಂದವಾಗಿ ಮೇಲಿನಿಂದ ಇಳಿಯುತ್ತಿದ್ದವು. ಒರೆಸಿದೆ, ಮತ್ತೆ ಬಂದವು. ಸಂಜೆಯ ಹೊತ್ತಿಗೆ ಬಿಳಿ ಗೋಡೆಯೆಲ್ಲ ಹಳದಿ. ಅವರ ಕುರ್ಚಿ ಇದ್ದ ಜಾಗ ಮಾತ್ರ ಬೆಳ್ಳಗೆ ಉಳಿದಿತ್ತು: ಕುರ್ಚಿಯ ಬೆನ್ನು, ಅದರ ಮೇಲೆ ಎರಡು ಭುಜ, ಹಿಂದಕ್ಕೆ ಒರಗಿದ ತಲೆ. ನಿಮ್ಮಪ್ಪ ಕೂತೇ ಇದ್ದರು. ಯಾರೋ ಈಗತಾನೆ ಸಿಗರೇಟು ಆರಿಸಿ ಎದ್ದುಹೋದ ಹಾಗೆ ವಾಸನೆ.

ಬಣ್ಣದವನು ಹೊಸ್ತಿಲನ್ನೇ ದಾಟಲಿಲ್ಲ. "ಯಜಮಾನರಿಗೆ ಇಷ್ಟ ಇಲ್ಲ ಅನ್ಸುತ್ತೆ ಅಮ್ಮ" ಎಂದವನೇ ಏಣಿಯನ್ನೂ ಬಿಟ್ಟು ಹೋದ. ನಾನೇ ಇನ್ನೊಂದು ಸಲ ಬಳಿದೆ. ಅವರು ಮತ್ತೆ ಬಂದು ಕೂತರು. ನಗಬೇಡ, ಇಸ್ತ್ರಿ ಹಾಕುತ್ತಾ ಅವರ ಜೊತೆ ಮಾತಾಡತೊಡಗಿದೆ. "ಇದ್ದಾಗ ಒಂದು ದಿನ ಹೊರಗೆ ಹೋಗಿ ಸೇದಲಿಲ್ಲ, ಈಗಲಾದರೂ ಏಳಿ, ಮಗು ಬರ್ತಿದೆ" ಎಂದು ಬೈದೆ ಕೂಡ.

ಕೊನೆಗೆ ಎದುರುಮನೆಯ ನರ್ಸಮ್ಮನನ್ನು ಕರೆತಂದೆ. ಅವಳು ಗೋಡೆಗೆ ಬೆರಳೊತ್ತಿ ಮೂಸಿದಳು. "ದೆವ್ವ ಅಲ್ಲಕ್ಕ, ಹೊಗೆ. ಅಷ್ಟು ವರ್ಷದ್ದನ್ನ ಗೋಡೆ ಕುಡಿದು ಕೂತಿದೆ, ನಿಮ್ಮ ಹಬೆಗೆ ಹೊರಗೆ ಬರ್ತಿದೆ. ಅವರು ಒರಗಿದ್ದ ಕಡೆ ತಾಗಿಲ್ಲ, ಅಷ್ಟೇ" ಎಂದಳು. ನಾನು ಸಮಾಧಾನದ ಉಸಿರು ಬಿಡುವಷ್ಟರಲ್ಲಿ ಬಗ್ಗಿ, "ಪಕ್ಕದಲ್ಲಿ ಇದೇನು, ಚಿಕ್ಕದು?" ಎಂದು ಕೇಳಿದಳು.

ನನ್ನ ಸೊಂಟದೆತ್ತರಕ್ಕೆ ಇನ್ನೊಂದು ಬಿಳಿ ಗುರುತು. ನಿನ್ನ ಪುಟ್ಟ ಮಂಚದ ತಲೆಹಲಗೆ, ಪುಟ್ಟಿ. ನೀನು ದೊಡ್ಡವಳಾದ ಮೇಲೂ ಬಟ್ಟೆ ತುಂಬಲು ಅದನ್ನು ಅಲ್ಲೇ ಇಟ್ಟಿದ್ದೆನಲ್ಲ. ಅವರು ಕೈ ಚಾಚಿದರೆ ನಿನ್ನ ನೆತ್ತಿ ಸಿಗುವಷ್ಟು ಹತ್ತಿರ; ಮಗಳು ಕಣ್ಣೆದುರೇ ಇರಬೇಕು ಎನ್ನುತ್ತಿದ್ದರು. ಹಲಗೆಯ ಸುತ್ತ ಅಂಚು ಬಿಡದೆ ಹಳದಿ ಹರಿದಿತ್ತು. ಅದರ ನಡುವೆ ನೀನು ಮಲಗುತ್ತಿದ್ದೆ.

"ಮಕ್ಕಳು ಬೇಗಬೇಗ ಉಸಿರಾಡ್ತವೆ ಅಕ್ಕ, ಅವುಗಳ ಮೈಗೆ ಬೇಗ ತಾಗುತ್ತೆ" ಎಂದಳು ನರ್ಸಮ್ಮ. "ಉಬ್ಬಸ, ಕಿವಿ ಸೋರೋದು, ಕೆಲವು ಮಲಗಿದ್ದಲ್ಲೇ ಹೋಗಿಬಿಡ್ತವೆ. ಹೊಟ್ಟೆಲಿರೋದನ್ನೂ ಬಿಡಲ್ಲ. ತೂಕ ಬರಲ್ಲ, ದಿನ ತುಂಬೋ ಮೊದಲೇ ಹುಟ್ಟುತ್ತೆ." ನೀನು ಉಸಿರಿಗೆ ಒದ್ದಾಡುವಾಗ ನಿಮ್ಮಪ್ಪ ಎತ್ತಿಕೊಂಡು ತಟ್ಟುತ್ತಿದ್ದರು, ಬೆರಳ ಸಂದಿಯಲ್ಲಿ ಸಿಗರೇಟು ಉರಿಯುತ್ತಿತ್ತು. ನಿನ್ನದು ಶೀತದ ಮೈ ಎಂದು ಇಬ್ಬರೂ ನಂಬಿದ್ದೆವು.

ಆದ್ದರಿಂದ ನೀನು ಇಲ್ಲಿಗೆ ಬರಬೇಡ, ನಾನೇ ಬರುತ್ತೇನೆ. ಗೋಡೆಯ ಗಾರೆ ಕೆತ್ತಿಸುವವರೆಗೆ ಆ ಕೋಣೆಗೆ ಬೀಗ. ಅಳಿಯಂದಿರಿಗೆ ಕೇಳಿದೆನೆಂದು ಹೇಳು. ನನ್ನ ಆಯಸ್ಸಿನಲ್ಲಿ ಉಳಿದದ್ದು ನಿನಗೂ ನಿನ್ನೊಳಗಿನ ಜೀವಕ್ಕೂ ಸೇರಲಿ.

ನಿನ್ನ
ಅಮ್ಮ

ತಾ.ಕ.: ಹೊಟ್ಟೆಗೆ ಸಾಲುತ್ತಿಲ್ಲ, ಬಿಚ್ಚಿ ಅಗಲ ಮಾಡು ಎಂದು ನೀನು ಕಳಿಸಿದ ಗೌನನ್ನು ಇವತ್ತು ಬೆಳಿಗ್ಗೆ ಕೈಗೆತ್ತಿಕೊಂಡೆ. ನೀನು ಬಸುರಿಯಾದ ಮೇಲೆ ನಾನೇ ಹೊಲಿದು ಕಳಿಸಿದ್ದು. ಹೊಲಿಗೆ ಬಿಚ್ಚುವ ಮೊದಲು ಜೇಬು ಮಗುಚಿ ಕೊಡವುವುದು ನಮ್ಮ ಕಸುಬಿನ ಅಭ್ಯಾಸ. ಮೂಲೆಯಿಂದ ಸಿಗರೇಟಿನ ತಂಬಾಕಿನ ಪುಡಿ ಉದುರಿತು. ಅಳಿಯಂದಿರು ಅದನ್ನು ಮುಟ್ಟುವವರಲ್ಲ. ನಾನು ಬೈಯುವುದಿಲ್ಲ. ಶನಿವಾರ ಬಂದುಬಿಡುತ್ತೇನೆ, ಇಬ್ಬರೂ ಡಾಕ್ಟರ ಹತ್ತಿರ ಹೋಗಿ ಬಾಯಿಬಿಟ್ಟು ಹೇಳೋಣ, ಬಿಡಿಸಲು ಅವರಿಗೆ ದಾರಿ ಗೊತ್ತಿರುತ್ತದೆ. ಅಲ್ಲಿಯವರೆಗೆ ಒಂದೂ ಬೇಡ, ಪುಟ್ಟಿ. ನಮಗಾದರೆ ಉಸಿರು ಕಟ್ಟಿದಾಗ ಎದ್ದು ಹೊರಗೆ ಹೋಗಬಹುದು, ಒಳಗಿರುವುದಕ್ಕೆ ಆಗುವುದಿಲ್ಲ.