ಅಮ್ಮನ ಮಂಚದ ಇಟ್ಟಿಗೆ

ಅಕ್ಕಾ, ಅಮ್ಮನ ಮಂಚ ತಾನಾಗಿಯೇ ಸೂರಿನವರೆಗೆ ಏರಿದ ಹಾಗೆ, ಅಲ್ಲಿ ಅವಳು ನೋಡನೋಡುತ್ತಲೇ ಹಣ್ಣುಹಣ್ಣು ಮುದುಕಿಯಾದ ಹಾಗೆ ಕನಸು ಬಿತ್ತು. ಎದ್ದವನೇ ನಿನಗೆ ಬರೆಯುತ್ತಿದ್ದೇನೆ.

ನಗಬೇಡ. ಇಲ್ಲಿ ನನ್ನ ಬಡಗಿ ಕೆಲಸ ಗಡಿಯಾರ ಪರೀಕ್ಷಿಸುವ ಕಟ್ಟಡದಲ್ಲಿ. ಬೀರುವಿನಷ್ಟು ದೊಡ್ಡ ಎರಡು ಗಡಿಯಾರ, ಕೂದಲೆಳೆಯಷ್ಟೂ ತಪ್ಪದೆ ಜೊತೆಯಲ್ಲೇ ನಡೆಯುತ್ತಿದ್ದವು. ಸೋಮವಾರ ಒಂದರ ಮೇಜಿನ ಕಾಲುಗಳ ಕೆಳಗೆ ನನ್ನಿಂದ ಗೇಣೆತ್ತರದ ಮರದ ತುಂಡು ಇಡಿಸಿದರು. ಮಾರನೆಯ ದಿನ ನೋಡಿದರೆ ಅದೊಂದೇ ಮುಂದೆ ಓಡಿದೆ! ನನ್ನ ಕೆಲಸವೇ ಕೆಟ್ಟಿತೆಂದು ತುಂಡುಗಳನ್ನು ಮತ್ತೆ ಮತ್ತೆ ಅಳೆದೆ.

ಆ ಗಡಿಯಾರಗಳನ್ನು ಪರೀಕ್ಷಿಸುವ ವಿಜ್ಞಾನಿ ಮೇಡಂ ನಕ್ಕರು. "ನಿಮ್ಮ ತಪ್ಪಲ್ಲಪ್ಪ. ಮೇಲೆ ಹೋದಷ್ಟೂ ಭೂಮಿ ಎಳೆಯೋದು ಕಮ್ಮಿ, ಕಾಲ ಬೇಗ ಓಡುತ್ತೆ. ನಿಮ್ಮ ತಲೆಗೂ ಪಾದಕ್ಕಿಂತ ಬೇಗ ವಯಸ್ಸಾಗ್ತಿದೆ."

"ಎಷ್ಟು ಬೇಗ ಮೇಡಂ?"

"ನೂರು ವರ್ಷಕ್ಕೆ ಒಂದು ಸಲ ರೆಪ್ಪೆ ಬಡಿಯೋವಷ್ಟೂ ಇಲ್ಲ. ಹೋಗಿ ಊಟ ಮಾಡಿ."

ಅವರಿಗೆ ಅದು ಏನೂ ಅಲ್ಲ. ಆದರೆ ಅಮ್ಮನಿಗೆ ಇನ್ನೆಷ್ಟು ದಿನ ಉಳಿದಿದೆ ಎಂದು ಡಾಕ್ಟರು ನಮ್ಮಿಬ್ಬರಿಗೆ ಹೇಳಿದ್ದಾರಲ್ಲ. ಉಸಿರಾಟ ಸಲೀಸಾಗಲಿ ಎಂದು ಮಂಚದ ತಲೆಯ ಕಡೆ ಇಟ್ಟಿಗೆ ಕೊಟ್ಟು ಬಂದವನು ನಾನೇ. ತೆಗೆದರೆ ಉಸಿರು ಕಟ್ಟುತ್ತದೆ, ಬಿಟ್ಟರೆ ಉಳಿದ ದಿನವೂ ಬೇಗ ಓಡುತ್ತದೆ.

ನೀನು ಕೇಳಿದ್ದ ನನ್ನ ಕೆಮ್ಮು ಇಳಿದಿದೆ. ಶನಿವಾರಕ್ಕೆ ರಜೆ ಕೇಳಿದ್ದೇನೆ. ಕಾರ್ಡಿನಲ್ಲಿ ಜಾಗ ಮುಗಿಯಿತು. ನಿನ್ನ ತಮ್ಮ.

ಮಂಚದ ಒಂದೊಂದು ಕಾಲಿಗೆ ಎರಡೇ ಇಟ್ಟಿಗೆ ಸಾಕೆಂದು ಡಾಕ್ಟರು ಹೇಳಿದ್ದರು. ನಾನು ಅವಸರದಲ್ಲಿ ಮೂರು ಇಟ್ಟೆನೇನೋ, ಅಮ್ಮನಿಗೆ ಗೊತ್ತಾಗದ ಹಾಗೆ ಇನ್ನೊಮ್ಮೆ ಎಣಿಸಿ ನೋಡು.