ಓಝಾ ಸಾಹೇಬರ ಎದೆನೋವು

ಜನವರಿ ೩, ಸೋಮವಾರ
ಚಹಾ ಆರಿತು. ಹೊರಗೆ ರೋಗಿಗಳು. ವಾರಪತ್ರಿಕೆ ಮತ್ತೆ ತೆರೆದೆ — ಬೇಡವೆಂದರೂ ಕೈ ಅಲ್ಲಿಗೇ ಹೋಗುತ್ತದೆ. ನನ್ನ ಹೊಸ ಸಂಕಲನದ ಮೇಲೆ ಓಝಾ ಸಾಹೇಬರ ವಿಮರ್ಶೆ. 'ಡಾಕ್ಟರ್ ಹಸಿತ್ ವೈಷ್ಣವರ ಕವಿತೆಗಳಿಗೆ ಜ್ವರವಿದೆ, ಮೈ ಇಲ್ಲ.' ಶಾಲೆಯಲ್ಲಿ ನನಗೆ ಗುಜರಾತಿ ಕಲಿಸಿದವರು. ಕವಿತೆಯ ಹುಚ್ಚು ಹಿಡಿಸಿದವರೂ ಅವರೇ. ಭಾವನಗರವೆಲ್ಲ ಓದಿದೆ. ಔಷಧಿ ಅಂಗಡಿಯವನು ಇವತ್ತು ವಿಪರೀತ ವಿನಯ ತೋರಿಸಿದ.

ಜನವರಿ ೬
ಓಝಾ ಸಾಹೇಬರೇ ಬಂದರು! ಅವರ ಹೆಂಡತಿ ನಿರುಬೆನ್ ಎಳೆದುಕೊಂಡೇ ಬಂದಿದ್ದರು.

"ಗ್ಯಾಸು ಕಣೋ ಹಸಿತ್. ಬೆಳಗ್ಗೆ ಕರಿದ ಗಾಠಿಯಾ ತಿಂದದ್ದು ಜಾಸ್ತಿ ಆಯ್ತು. ಇವಳ ಕಾಟಕ್ಕೆ ಬಂದೆ."

"ಮೆಟ್ಟಿಲು ಹತ್ತಿದ್ರೆ ಎದೆ ಹಿಡ್ಕೊಂಡು ಕೂತ್ಬಿಡ್ತಾರೆ. ಅದೂ ಗಾಠಿಯಾನಾ?" ಎಂದರು ನಿರುಬೆನ್.

ಅವರು ಅಂಗಿ ಬಿಚ್ಚಿ ನನ್ನ ಮುಂದೆ ಮಲಗಿದಾಗ ಒಂದು ಕ್ಷಣ ಖುಷಿಯಾಯಿತು. ಥೂ. ಇಸಿಜಿ ತೆಗೆದೆ. ಪಟ್ಟಿಯನ್ನು ಎರಡು ಸಲ ನೋಡಿದೆ: ಹೃದಯಕ್ಕೆ ರಕ್ತ ಸಾಲುತ್ತಿಲ್ಲ.

"ಸಾಹೇಬ್, ಬೇಗ ಅಹಮದಾಬಾದಿಗೆ ಹೋಗ್ಬೇಕು. ಆಪರೇಷನ್ ಬೇಕಾಗಬಹುದು."

"ನಿನ್ನ ಪುಸ್ತಕದಲ್ಲಿ ಪುಟಕ್ಕೊಂದು ಹೃದಯ ಒಡೆಯುತ್ತೆ. ಒಬ್ಬನಾದ್ರೂ ಸತ್ತನೇನೋ?"

ಗುಂಡಿ ಹಾಕಿಕೊಳ್ಳುತ್ತಲೇ ಹೊರಟುಬಿಟ್ಟರು. ಮಾತ್ರೆಗಳನ್ನು ನಿರುಬೆನ್ ಕೈಗೆ ಕೊಟ್ಟೆ.

ಜನವರಿ ೯
ಒಂದು ಸಾಲೂ ಬರೆಯಲಾಗುತ್ತಿಲ್ಲ. ಅವರ ಮನೆಗೆ ಹೋದೆ. ಬಾಗಿಲಲ್ಲಿ ನಿರುಬೆನ್ ಇನ್ನೂ ಬಾಯಿ ತೆರೆದಿರಲಿಲ್ಲ, ಒಳಗಿನಿಂದ ಗುಡುಗು — "ವಿಮರ್ಶೆ ವಾಪಸ್ ತಗೊಳ್ಳಲ್ಲ ಅಂತ ಹೇಳು ಅವನಿಗೆ!"

ಅದಕ್ಕೇ ಬಂದೆನೆಂದುಕೊಂಡರೇ? ಅಥವಾ ಅದಕ್ಕೂ ಬಂದಿದ್ದೆನೇ... ಗೊತ್ತಿಲ್ಲ. ಮನೆಗೆ ಬಂದು ಸುಮ್ಮನೆ ಹೆಂಡತಿಯ ಮೇಲೆ ರೇಗಿದೆ.

ಜನವರಿ ೧೪, ಉತ್ತರಾಯಣ
ಊರೆಲ್ಲ ಗಾಳಿಪಟ ಹಿಡಿದು ತಾರಸಿಯ ಮೇಲೆ. ನಿರುಬೆನ್ ಫೋನ್ — ಗಾಳಿಪಟ ನೋಡುತ್ತೇನೆಂದು ಹತ್ತಿದವರು ಇಳಿಯುತ್ತಿಲ್ಲ. ಓಡಿದೆ. ನೀರಿನ ಟ್ಯಾಂಕಿಗೆ ಒರಗಿ ಕೂತಿದ್ದರು. ಮುಖ ಬೂದಿ, ಮೈಯೆಲ್ಲ ಬೆವರು. ನಾಲಗೆಯ ಕೆಳಗೆ ಮಾತ್ರೆ ಇಟ್ಟೆ. ಪಕ್ಕದ ತಾರಸಿಯಲ್ಲಿ ಯಾರದೋ ಪಟ ಕತ್ತರಿಸಿ ಹುಡುಗಿಯರು ಕಿರುಚುತ್ತಿದ್ದರು.

ದಾರಿಯುದ್ದಕ್ಕೂ ಏನೇನೋ ಹೊಂದಿಸಿಕೊಂಡಿದ್ದೆ, ಹೀಗೆ ಹೇಳಬೇಕು, ಹಾಗೆ ಒಪ್ಪಿಸಬೇಕು. ಎಲ್ಲ ಮರೆತುಹೋಯಿತು.

"ಹೋಗ್ದೆ ಇದ್ರೆ ನೀವು ಸಾಯ್ತೀರಿ ಸಾಹೇಬ್. ನೀವು ಸಾಯಬಾರದು."

ನನ್ನತ್ತ ತಿರುಗಿದರು.

"ಇದೊಂದು ಸಾಲು ಚೆನ್ನಾಗಿದೆ," ಎಂದರು. ಉಸಿರು ಸಾಲುತ್ತಿರಲಿಲ್ಲ. "ಪುಸ್ತಕದಲ್ಲಿ ಯಾಕೋ ಹಾಕಲಿಲ್ಲ?"

ನಿರುಬೆನ್ ಅಳುತ್ತಲೇ ಬೈದರು — "ಈಗಲೂ ಮೇಷ್ಟ್ರುಗಿರಿ ಬಿಡಲ್ವಲ್ಲ!"

ಆಂಬುಲೆನ್ಸಿನಲ್ಲಿ ನಾನೂ ಹತ್ತಿದೆ. ಅಹಮದಾಬಾದ್ ಬರುವವರೆಗೂ ಅವರ ನಾಡಿ ಬಿಡಲಿಲ್ಲ.

ಜನವರಿ ೨೭
ಬೈಪಾಸ್ ಆಯಿತು. ಬದುಕಿದರು. ಇದಕ್ಕಿಂತ ಹೆಚ್ಚು ಬರೆಯುವ ಶಕ್ತಿಯಿಲ್ಲ.

ಫೆಬ್ರವರಿ ೨೦
ಮನೆಗೆ ಬಂದಿದ್ದಾರೆ. ಕುತ್ತಿಗೆ ಕೋಳಿಯದಾಗಿದೆ, ಕಣ್ಣು ಮಾತ್ರ ಹಾಗೇ. "ಏನಾದ್ರೂ ಬರೆದ್ಯಾ?" ಎಂದರು. ಹೊಸ ಕವಿತೆ ಜೇಬಿನಲ್ಲೇ ಇತ್ತು, ಓದಿದೆ. ಶಾಲೆಯ ಹುಡುಗನಂತೆ ಎದ್ದು ನಿಂತು, ಈ ವಯಸ್ಸಿನಲ್ಲಿ!

ಕಣ್ಣು ಮುಚ್ಚಿ ಕೇಳಿದರು. "ಕೊನೆ ನಾಲ್ಕು ಸಾಲು ಕಿತ್ತು ಹಾಕು. ಅಲ್ಲಿ ನೀನು ಡಾಕ್ಟರಾಗ್ತೀಯ. ಎಲ್ರಿಗೂ ಸಮಾಧಾನದ ಗುಳಿಗೆ ಕೊಟ್ಟು ಕಳಿಸ್ತೀಯ."

ಆ ನಾಲ್ಕೇ ನನಗೆ ಇಷ್ಟವಾಗಿದ್ದ ಸಾಲುಗಳು. ಚಹಾ ಮುಟ್ಟದೆ ಎದ್ದುಬಂದೆ. ಬೋರ್ ತಳಾವ್ ಕೆರೆಯ ದಂಡೆಯ ಮೇಲೆ ಕತ್ತಲಾಗುವವರೆಗೆ ಸುತ್ತಿದೆ.

ಫೆಬ್ರವರಿ ೨೧, ಬೆಳಗ್ಗೆ, ಕ್ಲಿನಿಕ್
ಆ ಸಾಲುಗಳಿಲ್ಲದೆ ಓದಿ ನೋಡಿದೆ. ಹೌದು. ಹಾಳು ಮುದುಕ ಹೇಳಿದ್ದೇ ಸರಿ! ಫೋನ್ ಮಾಡಿ ಹೇಳಿದೆ. "ಹಾಗಾದ್ರೆ ಮುಂದಿನದು ಬರಿ," ಎಂದು ಇಟ್ಟುಬಿಟ್ಟರು. ಹೊರಗೆ ಬೆಂಚಿನ ತುಂಬ ರೋಗಿಗಳು. ಒಂದು ಸಾಲು ಬರುತ್ತಿದೆ, ಬರುತ್ತಿದೆ, ಅವರು ಸ್ವಲ್ಪ ಕಾಯಲಿ... ಯಾರೋ ಕೆಮ್ಮುತ್ತಿದ್ದಾರೆ. ಮತ್ತೆ. ಆ ಕೆಮ್ಮು ಸರಿಯಿಲ್ಲ —