ಮದುವೆಯ ಕೋಟಿನ ಒಳಜೇಬು

ಹಿಲರಿ,

ಈ ಪರದೇಶದಲ್ಲಿ ಇರಲು ಕೊಟ್ಟ ನನ್ನ ರೆಸಿಡೆಂಟ್ ಕಾರ್ಡ್ ಕಳೆದಿದೆ. ಹೊಸದು ಮಾಡಿಸಲು ಪೊಲೀಸರ ಪತ್ರ ಬೇಕೆಂದು ಇವತ್ತು ನಮ್ಮ ಮಗಳು ಕ್ಲೇರ್ ಜೊತೆ ಪಾರ್ಕ್‌ಲ್ಯಾಂಡ್ಸ್ ಠಾಣೆಗೆ ಹೋಗಿದ್ದೆ.

"ಎಲ್ಲಿ ಕಳೀತು, ಮೇಡಂ?" ಎಂದು ಪೊಲೀಸಿನವರು ಕೇಳಿದರು.

ಎಲ್ಲಿದೆಯೆಂದು ನನಗೆ ಗೊತ್ತು. "ಹಳೇ ಕೋಟು ಯಾವ ಕಳ್ಳನಿಗೆ ಬೇಕು?" ಎಂದು ಇಬ್ಬರ ಕಾರ್ಡನ್ನೂ ನಮ್ಮ ಮದುವೆಯ ಕೋಟಿನ ಒಳಜೇಬಿನಲ್ಲಿ ಇಟ್ಟವರು ನೀವೇ. ಅದೇ ಕೋಟು ತೊಡಿಸಿ, ಕೈಗೆ ಜಪಮಾಲೆ ಸುತ್ತಿ ನಿಮ್ಮನ್ನು ಮಣ್ಣು ಮಾಡಿದೆವು. ಜೇಬು ನೋಡಬೇಕೆಂದು ನನಗೆ ಹೊಳೆಯಲೇ ಇಲ್ಲ.

"ಮಟಾಟು ಬಸ್ಸಿನಲ್ಲಿ," ಎಂದೆ.

"ಹಾಗಾದ್ರೆ ಇನ್ನು ಸಿಗಲ್ಲ ಬಿಡಿ," ಎಂದು ಬರೆದುಕೊಂಡರು.

ಕಾರ್ಡಿಲ್ಲದೆ ಇಲ್ಲಿ ಇರುವ ಹಾಗಿಲ್ಲ, ಮಂಗಳೂರಿಗೆ ಹೋದರೆ ಮರಳುವ ಹಾಗಿಲ್ಲ. ನೀವು ನನ್ನ ಕಾರ್ಡನ್ನೇನೋ ಜೋಪಾನವಾಗಿ ತೆಗೆದುಕೊಂಡು ಹೋದಿರಿ, ನನ್ನನ್ನು ಬಿಟ್ಟು.